ಕತ್ತರಿಗೆ ಮೊದಲು ಕಡ್ಡಿ ನೋಡಿ

ಪಂಜರದ ತಂತಿಗೆ ಉಗುರು ಸಿಕ್ಕಿಕೊಂಡು ಹಕ್ಕಿ ತಲೆಕೆಳಗಾಗಿ ಒದ್ದಾಡಿದ ಮೇಲೆಯೇ ಹೆಚ್ಚಿನ ಮನೆಗಳಲ್ಲಿ ಅದರ ಉಗುರಿನ ಕಡೆ ಗಮನ ಹೋಗುವುದು. ಚಿಕ್ಕಬಳ್ಳಾಪುರದ ಕಡೆ ನಾವು ‘ಲವ್ ಬರ್ಡ್ಸ್’ ಎಂದು ಸಾಕುವ ಪುಟಾಣಿಗಳಲ್ಲಿ ಬಹುಪಾಲು ಆಸ್ಟ್ರೇಲಿಯಾ ಮೂಲದ ಬಡ್ಜರಿಗಾರ್. ತೂಕ ಸುಮಾರು 35 ಗ್ರಾಂ. (ನಮ್ಮೂರ ಹಸಿರು ಗಿಣಿಯ ಮಾತು ಬೇರೆ. ಅದನ್ನು ಪಂಜರದಲ್ಲಿಡುವುದೇ 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯಡಿ ಅಪರಾಧ.)

ಉಗುರು ಬೆಳೆಯುವುದು ಸಹಜ, ಸವೆಯದಿರುವುದೇ ತೊಂದರೆ. ಅಂಗಡಿಯ ಪಂಜರದಲ್ಲಿ ಬರುವ ಪ್ಲಾಸ್ಟಿಕ್ ಕಡ್ಡಿ ನುಣುಪು, ಉದ್ದಕ್ಕೂ ಒಂದೇ ದಪ್ಪ. ಅದರ ಮೇಲೆ ಉಗುರು ಸವೆಯುವುದಿಲ್ಲ, ಒಂದೇ ಜಾಗದ ಒತ್ತಡಕ್ಕೆ ಅಂಗಾಲೂ ಹುಣ್ಣಾಗಬಹುದು. ಶಿಡ್ಲಘಟ್ಟ, ಚಿಂತಾಮಣಿಯವರಿಗೆ ಇದಕ್ಕೆ ಮದ್ದು ಮನೆಯ ಹಿಂದೆಯೇ ಇದೆ: ಹಿಪ್ಪುನೇರಳೆ ಕಡ್ಡಿ. ಹಕ್ಕಿಗೆ ವಿಷವಲ್ಲ, ತೊಗಟೆ ಒರಟು, ದಪ್ಪ ಹೆಚ್ಚುಕಡಿಮೆ. ಆದರೆ ಹುಳು ಮನೆಯಲ್ಲಿ ಸೊಪ್ಪು ತಿಂದು ಉಳಿದ ಕಡ್ಡಿ ಬೇಡ. ಅದಕ್ಕೆ ಸುಣ್ಣ, ಸೋಂಕುನಿವಾರಕ ಮೆತ್ತಿರುತ್ತದೆ. ಔಷಧಿ ಹೊಡೆಯದ ತೋಟದಿಂದ ನೇರವಾಗಿ ಕತ್ತರಿಸಿ ತಂದು, ತೊಳೆದು, ಬಿಸಿಲಿಗೆ ಒಣಗಿಸಿ. ಸೀಬೆ ಕೊಂಬೆಯೂ ಆದೀತು. ದ್ರಾಕ್ಷಿ ಬಳ್ಳಿ ನಮ್ಮಲ್ಲಿ ಧಾರಾಳವಾಗಿ ಸಿಕ್ಕರೂ ಮುಟ್ಟಬೇಡಿ, ಅದಕ್ಕೆ ಮೈಲುತುತ್ತದ ದ್ರಾವಣ ಮತ್ತೆ ಮತ್ತೆ ಸಿಂಪಡಿಸಿರುತ್ತಾರೆ. ಉಪ್ಪು ಕಾಗದ ಸುತ್ತಿದ ಕಡ್ಡಿಯೂ ಬೇಡ. ಅದು ಉಗುರಿಗಿಂತ ಮೊದಲು ಅಂಗಾಲನ್ನು ಕೆರೆಯುತ್ತದೆ.

ಇಷ್ಟಾದರೂ ಉಗುರು ಕೊಕ್ಕೆಯಂತೆ ಬಾಗಿ, ಸಮತಟ್ಟಾದ ಜಾಗದಲ್ಲಿ ನಿಂತಾಗ ಬೆರಳನ್ನೇ ಮೇಲೆತ್ತುತ್ತಿದ್ದರೆ ಕತ್ತರಿಸಬೇಕು. ಇಬ್ಬರಿರಲಿ. ಫ್ಯಾನ್ ಆರಿಸಿ, ಕಿಟಕಿ ಬಾಗಿಲು ಮುಚ್ಚಿ. ಬಟ್ಟಲಲ್ಲಿ ಒಂದಿಷ್ಟು ಕಾರ್ನ್‌ಫ್ಲೋರ್ ಮೊದಲೇ ತೆಗೆದಿಟ್ಟುಕೊಳ್ಳಿ. ಟರ್ಕಿ ಟವೆಲಿನ ಎಳೆಗೆ ಉಗುರು ಸಿಕ್ಕುತ್ತದೆ, ಹಳೇ ಪಂಚೆಯ ತುಂಡು ವಾಸಿ. ಒಬ್ಬರು ಹಕ್ಕಿಯ ಬೆನ್ನನ್ನು ಅಂಗೈಗೆ ಆನಿಸಿ, ತೋರುಬೆರಳು ನಡುಬೆರಳಿನ ಸಂದಿನಲ್ಲಿ ತಲೆಯನ್ನು ಮೆತ್ತಗೆ ಹಿಡಿಯಬೇಕು. ಎದೆ ಒತ್ತಲೇಬಾರದು. ಹಕ್ಕಿಗೆ ನಮ್ಮಂತೆ ವಪೆ ಇಲ್ಲ. ಎದೆಗೂಡು ಏರಿಳಿದರೆ ಮಾತ್ರ ಉಸಿರು. ಗಟ್ಟಿಯಾಗಿ ಹಿಡಿದರೆ ಕೈಯಲ್ಲೇ ಸಾಯುತ್ತದೆ. ಬಾಯಿ ತೆರೆದು ಏದುಸಿರು ಬಿಟ್ಟರೆ ಕೂಡಲೇ ಬಿಟ್ಟುಬಿಡಿ, ಉಳಿದ ಉಗುರು ನಾಳೆಗಿರಲಿ. ಇರುವುದು ಎಂಟೇ.

ತಿಳಿ ಬಣ್ಣದ ಉಗುರನ್ನು ಬೆಳಕಿಗೆ ಹಿಡಿದರೆ ಒಳಗಿನ ರಕ್ತನಾಳ ಕೆಂಪು ಗೆರೆಯಾಗಿ ಕಾಣುತ್ತದೆ. ಅದಕ್ಕೆ ಮುಟ್ಟದಂತೆ ತುದಿಯ ಕೊಕ್ಕೆಯನ್ನಷ್ಟೇ ಮಗುವಿನ ನೇಲ್ ಕಟರ್‌ನಿಂದ ತೆಗೆಯಿರಿ. ಕಪ್ಪು ಉಗುರಾದರೆ ಗೆರೆ ಕಾಣದು; ಕೂದಲೆಳೆಯಷ್ಟು ಕತ್ತರಿಸಿ, ನೋಡಿ, ಬೇಕಿದ್ದರೆ ಮತ್ತೊಮ್ಮೆ ಅಷ್ಟೇ. ಕತ್ತರಿಸಲು ಧೈರ್ಯ ಸಾಲದಿದ್ದರೆ ಅರದಿಂದ ಉಜ್ಜಿದರೂ ಆಯಿತು.

ರಕ್ತ ಬಂದರೆ ಕಾರ್ನ್‌ಫ್ಲೋರ್ ಚಿಟಿಕೆ ಹಿಡಿದು ಉಗುರಿನ ತುದಿಗೆ ಒಂದೆರಡು ನಿಮಿಷ ಒತ್ತಿ. ಈ ಹಕ್ಕಿಯ ಮೈಯಲ್ಲಿರುವ ಒಟ್ಟು ರಕ್ತ ಸುಮಾರು 3 ಮಿಲಿಲೀಟರ್, ಒಂದು ಟೀ ಚಮಚದಷ್ಟೂ ಇಲ್ಲ. ಐದಾರು ಹನಿಗಿಂತ ಹೆಚ್ಚು ಹೋಗಲು ಬಿಡಬಾರದು. ನಿಲ್ಲದಿದ್ದರೆ ಕಾಯದೆ ಪಶುವೈದ್ಯರಲ್ಲಿಗೆ ಒಯ್ಯಿರಿ.

ಕಡ್ಡಿ ಬದಲಿಸಿದರೂ ಉಗುರು, ಕೊಕ್ಕು ಎರಡೂ ವಿಪರೀತ ಬೆಳೆಯುತ್ತಿದ್ದರೆ ಯಕೃತ್ತಿನ ಕಾಯಿಲೆಯಿರಬಹುದು. ಸೂರ್ಯಕಾಂತಿ ಬೀಜದಂಥ ಎಣ್ಣೆಕಾಳನ್ನೇ ತಿನ್ನುವ ಹಕ್ಕಿಗಳಲ್ಲಿ ಇದು ಹೆಚ್ಚು. ಕಾಲು, ಕೊಕ್ಕಿನ ಬುಡದಲ್ಲಿ ಬಿಳಿ ಹೊಪ್ಪಳೆ ಕಂಡರೆ ಅದು ನುಸಿ ಕಾಟ. ಇವೆರಡೂ ನೇಲ್ ಕಟರ್‌ನಿಂದ ವಾಸಿಯಾಗುವುದಿಲ್ಲ, ವೈದ್ಯರಿಗೆ ತೋರಿಸಿ.