ಕಾಲದ ಜೊತೆ ನಡೆದ ನಂಬಿಕೆ, ಕಾಲವನ್ನು ಎದುರಿಸಿದ ನಂಬಿಕೆ

ಪಾಪಿಯಾದ ನನ್ನನ್ನು ದೇವರು ಹೇಗೆ ಒಪ್ಪಿಕೊಂಡಾನು? ಮಾರ್ಟಿನ್ ಲೂಥರ್‌ನನ್ನು ಹಗಲಿರುಳು ಕಾಡಿದ್ದು ಈ ಪ್ರಶ್ನೆ. ದೇವರಿದ್ದಾನೆಯೇ ಎಂಬ ಸಂಶಯ ಅವನದಲ್ಲ, ಅವನ ಊರಿನವರದೂ ಅಲ್ಲ. ಅವನು 1517ರಲ್ಲಿ ವಿಟೆನ್‌ಬರ್ಗ್‌ನಲ್ಲಿ ಪ್ರಾಟೆಸ್ಟೆಂಟ್ ಪಂಥಕ್ಕೆ ನಾಂದಿಯಾದ ತನ್ನ 95 ವಾದಗಳನ್ನು ಮುಂದಿಟ್ಟು ಮುನ್ನೂರು ವರ್ಷ ತುಂಬುವ ಮೊದಲೇ ಪ್ರಶ್ನೆಯೇ ಬದಲಾಯಿತು. ದೇವರ ಇರವನ್ನು ಶುದ್ಧ ತರ್ಕದಿಂದ ಸಾಧಿಸಲು ಬರುವುದಿಲ್ಲವೆಂದು 1781ರಲ್ಲಿ ತತ್ವಜ್ಞಾನಿ ಕಾಂಟ್ ತೋರಿಸಿಕೊಟ್ಟ. ಗ್ರಹಗಳ ಚಲನೆಗೆ ನ್ಯೂಟನ್ನನ ಗಣಿತ ಆಗಲೇ ಸಿಕ್ಕಿತ್ತು. ಬರ್ಲಿನ್ನಿನ ಓದಿದವರ ಮನೆಗಳಲ್ಲಿ ಧರ್ಮವೆಂದರೆ ಅಜ್ಜಿಯಂದಿರ ವಿಷಯ ಎಂಬಂತಾಯಿತು.

ಅಂಥ ಮನೆಗಳಿಗೆ ಹೋಗಿಬರುತ್ತಿದ್ದವರಲ್ಲಿ ಫ್ರೀಡ್ರಿಷ್ ಷ್ಲೈಯರ್‌ಮಾಖರ್ ಒಬ್ಬ. ಬರ್ಲಿನ್ನಿನ ಷಾರಿಟೇ ಆಸ್ಪತ್ರೆಯ ಬೋಧಕ. ಕವಿಗಳ, ತತ್ವಚಿಂತಕರ ಗೆಳೆಯ. ಧರ್ಮವನ್ನು ಹಳಿಯುವ ಈ ಸುಶಿಕ್ಷಿತ ಗೆಳೆಯರನ್ನೇ ಉದ್ದೇಶಿಸಿ 1799ರಲ್ಲಿ ಅವನು ಒಂದು ಪುಸ್ತಕ ಹೊರತಂದ. ನೀವು ತಿರಸ್ಕರಿಸುತ್ತಿರುವುದು ಧರ್ಮದ ಹೊರಚಿಪ್ಪನ್ನು ಮಾತ್ರ ಎಂದು ಅವನು ವಾದಿಸಿದ. ಅವನ ಪ್ರಕಾರ ಧರ್ಮ ವಿಜ್ಞಾನದ ಪೈಪೋಟಿಗಾರನಲ್ಲ, ಬರಿಯ ನೀತಿಪಾಠವೂ ಅಲ್ಲ. ಅನಂತದ ಎದುರು ಮನುಷ್ಯನೊಳಗೆ ಹುಟ್ಟುವ ಒಂದು ಅನುಭವ. ಇದು ಪ್ರಾಟೆಸ್ಟೆಂಟ್ ಚಿಂತನೆಯ ದೊಡ್ಡ ತಿರುವು. ನಂಬಿಕೆಯ ನೆಲೆ ಸತ್ಯವೇದದ ಅಕ್ಷರದಿಂದ ಮನುಷ್ಯನ ಒಳಗಿಗೆ ಸರಿಯಿತು. ಇನ್ನು ಭೂಗರ್ಭಶಾಸ್ತ್ರ ಏನೇ ಹೇಳಲಿ, ಇತಿಹಾಸ ಏನೇ ಅಗೆದು ತೆಗೆಯಲಿ, ನಂಬುವವನು ಬೆಚ್ಚಬೇಕಾಗಿರಲಿಲ್ಲ.

ಇತಿಹಾಸ ಅಗೆಯಿತು, ಆಳವಾಗಿಯೇ ಅಗೆಯಿತು. 1835ರಲ್ಲಿ ಟ್ಯೂಬಿಂಗನ್‌ನ ಡೇವಿಡ್ ಫ್ರೀಡ್ರಿಷ್ ಸ್ಟ್ರೌಸ್, ಇನ್ನೂ 27ರ ಯುವಕ, ಯೇಸುವಿನ ಜೀವನದ ಬಗ್ಗೆ ಗ್ರಂಥವೊಂದನ್ನು ಬರೆದು ಸುವಾರ್ತೆಗಳ ಅದ್ಭುತಕಾರ್ಯಗಳನ್ನು ಆದಿಸಭೆಯ ಮನಸ್ಸಿನಲ್ಲಿ ಮೂಡಿದ ಪುರಾಣಕಥನವೆಂದು ವಿವರಿಸಿದ. ಕೆಲಸ ಹೋಯಿತು. 1839ರಲ್ಲಿ ಜ್ಯೂರಿಕ್ ವಿಶ್ವವಿದ್ಯಾಲಯ ಅವನನ್ನು ಪ್ರಾಧ್ಯಾಪಕನಾಗಿ ನೇಮಿಸಿದಾಗ ಜನ ದಂಗೆಯೆದ್ದರು. ಒಂದು ಪಾಠವನ್ನೂ ಮಾಡದೆ ಅವನು ನಿವೃತ್ತಿವೇತನ ಪಡೆಯಬೇಕಾಯಿತು, ಸರ್ಕಾರವೂ ಉರುಳಿತು. ಅದೇ ಟ್ಯೂಬಿಂಗನ್‌ನಲ್ಲಿ ದೇವಶಾಸ್ತ್ರ ಓದಿದ್ದ ಹರ್ಮನ್ ಮೋಗ್ಲಿಂಗ್ 1836ರಲ್ಲಿ ಬಾಸೆಲ್ ಮಿಷನ್ನಿನಿಂದ ಮಂಗಳೂರಿಗೆ ಬಂದಿಳಿದ. ಬಾಸೆಲ್ಲಿನ ಭಕ್ತಿಪಂಥದವರಿಗೆ ಸ್ಟ್ರೌಸ್‌ನ ದಾರಿ ಸಮ್ಮತವಾಗಿರಲಿಲ್ಲ. ಆದರೂ ಹಳೆಯ ಗ್ರಂಥವನ್ನು ಮೂಲದಲ್ಲಿ ಓದಬೇಕು, ಪರಿಷ್ಕರಿಸಿ ಅಚ್ಚು ಹಾಕಬೇಕು ಎಂಬ ಶಿಸ್ತು ಆ ವಿದ್ಯಾಪೀಠಗಳ ಗಾಳಿಯಲ್ಲೇ ಇತ್ತು. ಮೋಗ್ಲಿಂಗ್ ಜೈಮಿನಿ ಭಾರತವನ್ನೂ ಬಸವಪುರಾಣವನ್ನೂ ದಾಸರ ಪದಗಳನ್ನೂ ಮಂಗಳೂರಿನಲ್ಲಿ ಅಚ್ಚು ಹಾಕಿಸಿದ್ದರ ಹಿಂದೆ ಆ ಶಿಸ್ತನ್ನು ನಾನು ಕಾಣುತ್ತೇನೆ. ಆ ಕೆಲಸಕ್ಕೆ ಟ್ಯೂಬಿಂಗನ್ ವಿಶ್ವವಿದ್ಯಾಲಯ 1858ರಲ್ಲಿ ಗೌರವ ಡಾಕ್ಟರೇಟ್ ಕೊಟ್ಟಿತು.

ಹತ್ತೊಂಬತ್ತನೆಯ ಶತಮಾನ ಮುಗಿಯುವ ಹೊತ್ತಿಗೆ ಗೆದ್ದವರು ನಂಬಿಕೆಯನ್ನು ಹೊಸ ಅರಿವಿಗೆ ಹೊಂದಿಸಿಕೊಂಡ ಉದಾರವಾದಿಗಳು. ಬರ್ಲಿನ್ನಿನಲ್ಲಿ ಅಡಾಲ್ಫ್ ಹಾರ್ನಾಕ್ 1899-1900ರ ಚಳಿಗಾಲದಲ್ಲಿ ಕ್ರೈಸ್ತಧರ್ಮದ ತಿರುಳೇನು ಎಂಬ ಉಪನ್ಯಾಸಮಾಲೆ ಕೊಟ್ಟಾಗ ಎಲ್ಲ ವಿಭಾಗಗಳ ವಿದ್ಯಾರ್ಥಿಗಳೂ, ಸುಮಾರು 600 ಮಂದಿ, ಬಂದು ಕೂತರು. ದೇವರು ತಂದೆ, ಪ್ರತಿ ಮಾನವಜೀವಕ್ಕೂ ಅಳೆಯಲಾಗದ ಬೆಲೆ, ಪ್ರೀತಿಯೇ ನೀತಿ: ಯೇಸುವಿನ ಬೋಧನೆ ಇಷ್ಟು ಸರಳ ಎಂದ ಹಾರ್ನಾಕ್. ಅವನು ಮಹಾವಿದ್ವಾಂಸ, ರಾಜಗ್ರಂಥಾಲಯದ ಮುಖ್ಯಸ್ಥ, ಚಕ್ರವರ್ತಿ ಕೈಸರನಿಗೆ ಬೇಕಾದವನು. ನಂಬಿಕೆ, ವಿಜ್ಞಾನ, ರಾಷ್ಟ್ರ ಮೂರೂ ಅವನಲ್ಲಿ ಯಾವ ತಿಕ್ಕಾಟವೂ ಇಲ್ಲದೆ ಕೂಡಿಕೊಂಡಿದ್ದವು.

ತಿಕ್ಕಾಟವೇ ಇಲ್ಲದ್ದು ಅಪಾಯವೆಂದು ತಿಳಿದದ್ದು 1914ರಲ್ಲಿ. ಯುದ್ಧ ಶುರುವಾದಾಗ ಕೈಸರ್ ಪ್ರಜೆಗಳಿಗೆ ಹೊರಡಿಸಿದ ಕರೆಯ ಕರಡನ್ನು ಬರೆದುಕೊಟ್ಟದ್ದೇ ಹಾರ್ನಾಕ್. ಅಕ್ಟೋಬರ್‌ನಲ್ಲಿ 93 ಮಂದಿ ಜರ್ಮನ್ ಪಂಡಿತರೂ ಕಲಾವಿದರೂ ಯುದ್ಧವನ್ನು ಸಮರ್ಥಿಸಿ ಹೊರಡಿಸಿದ ಹೇಳಿಕೆಯಲ್ಲೂ ಅವನ ಸಹಿಯಿತ್ತು. ಸ್ವಿಟ್ಜರ್‌ಲೆಂಡಿನ ಸಾಫೆನ್‌ವಿಲ್ ಎಂಬ ಹಳ್ಳಿಯ ಯುವ ಸಭಾಪಾಲಕ ಕಾರ್ಲ್ ಬಾರ್ತ್ ಆ ಪಟ್ಟಿಯಲ್ಲಿ ತನ್ನ ಗುರುಗಳ ಹೆಸರು ಕಂಡು ತತ್ತರಿಸಿದ. ಇವರ ನೀತಿ ಹೀಗೆ ಕುಸಿದರೆ ಇವರ ಸತ್ಯವೇದ ವ್ಯಾಖ್ಯಾನವನ್ನು, ಇವರ ದೇವಶಾಸ್ತ್ರವನ್ನು ನಂಬುವುದು ಹೇಗೆ?

ನಂಬಿಕೆ ಹೀಗೆ ರಾಜ್ಯಕ್ಕೆ ತಲೆಬಾಗಿದ್ದಕ್ಕೆ ಹಾರ್ನಾಕ್‌ನೊಬ್ಬನನ್ನು ದೂರಿದರೆ ಅನ್ಯಾಯವಾದೀತು. ಬೇರು ಲೂಥರ್‌ನ ಕಾಲದಲ್ಲಿದೆ. 1525ರಲ್ಲಿ ರೈತರು ದಂಗೆಯೆದ್ದಾಗ ಅವನು ದೊರೆಗಳ ಪಕ್ಷ ವಹಿಸಿದ. ಆ ಬಳಿಕ ಲೂಥರನ್ ಸಭೆಗಳ ಆಡಳಿತ ದೊರೆಗಳ ಕೈ ಸೇರಿ 1918ರವರೆಗೂ ಅಲ್ಲೇ ಉಳಿಯಿತು. ಪ್ರತಿಯೊಬ್ಬ ವಿಶ್ವಾಸಿಯೂ ಯಾಜಕನೇ ಎಂದು ಸಾರಿದ ಚಳವಳಿ ಅರಮನೆಯ ಅಧೀನವಾಯಿತು. ಇಡೀ ಕಥೆಯಲ್ಲಿ ನನ್ನನ್ನು ಹೆಚ್ಚು ನೋಯಿಸುವ ಸಂಗತಿ ಇದು.

ಬಾರ್ತ್‌ನ ಹಳ್ಳಿಯಲ್ಲಿ ನೂಲು, ಬಟ್ಟೆಯ ಕಾರ್ಖಾನೆಗಳಿದ್ದವು. ಕೂಲಿಗಾರರ ಸಂಘ ಕಟ್ಟಲು ನೆರವಾಗಿ, ಮಾಲೀಕರ ಸಿಟ್ಟಿಗೆ ಗುರಿಯಾಗಿ ಅವನು ‘ಕೆಂಪು ಪಾದ್ರಿ’ ಎನಿಸಿಕೊಂಡಿದ್ದ. ಆ ದಿನಗಳಲ್ಲೇ ಅವನು ಅಪೊಸ್ತಲ ಪೌಲನು ರೋಮಾಪುರದವರಿಗೆ ಬರೆದ ಪತ್ರವನ್ನು ಹೊಸದಾಗಿ ಓದತೊಡಗಿದ. ಆ ಓದಿನಿಂದ ಹುಟ್ಟಿದ ವ್ಯಾಖ್ಯಾನ 1919ರಲ್ಲಿ ಬಂತು. ಪೂರ್ತಿ ತಿದ್ದಿ ಬರೆದ ಎರಡನೆಯ ಆವೃತ್ತಿ 1922ರಲ್ಲಿ. ದೇವರು ನಮ್ಮ ಸಂಸ್ಕೃತಿಯ ಮೇಲಂತಸ್ತಲ್ಲ, ನಮ್ಮ ಒಳ್ಳೆಯ ಭಾವನೆಗಳ ಇನ್ನೊಂದು ಹೆಸರೂ ಅಲ್ಲ. ಅವನು ಪೂರ್ತಿ ಬೇರೆ, ನಮ್ಮೆಲ್ಲವನ್ನೂ ತೀರ್ಪಿಗೆ ಗುರಿಮಾಡುವವನು ಎಂಬುದು ಅದರ ಸಾರ. ಸತ್ಯವೇದದ ಐತಿಹಾಸಿಕ ವಿಮರ್ಶೆಯನ್ನು ಬಾರ್ತ್ ತಳ್ಳಿಹಾಕಲಿಲ್ಲ. ಅದು ಮುಗಿದ ಮೇಲೆ ಕೆಲಸ ಶುರುವಾಗುತ್ತದೆ ಎಂದ, ಅಷ್ಟೆ.

ಇದು ಬರಿಯ ಪಂಡಿತರ ಜಗಳವಲ್ಲವೆಂದು 1933ರಲ್ಲಿ ಎಲ್ಲರಿಗೂ ಗೊತ್ತಾಯಿತು. ಹಿಟ್ಲರ್ ಬಂದ. ‘ಜರ್ಮನ್ ಕ್ರೈಸ್ತರು’ ಎಂದು ಕರೆದುಕೊಂಡ ಗುಂಪು ಅವನ ಏಳಿಗೆಯಲ್ಲಿ ದೇವರ ಕೈ ಕಂಡಿತು. ಯೆಹೂದಿ ಮೂಲದ ಬೋಧಕರನ್ನು ಹೊರಹಾಕಬೇಕೆಂದಿತು. ನವೆಂಬರ್‌ನಲ್ಲಿ ಬರ್ಲಿನ್ನಿನ ಕ್ರೀಡಾಂಗಣವೊಂದರಲ್ಲಿ ಸುಮಾರು 20,000 ಮಂದಿಯ ಮುಂದೆ ಹಳೆಯ ಒಡಂಬಡಿಕೆಯನ್ನೇ ಬಿಟ್ಟುಬಿಡುವ ಮಾತಾಯಿತು. ಅವರ ದೃಷ್ಟಿಯಲ್ಲಿ ಇದೂ ಕಾಲಕ್ಕೆ ಹೊಂದಿಕೊಳ್ಳುವುದೇ! ಇದನ್ನು ಎದುರಿಸಿದವರು 1934ರ ಮೇ ಕೊನೆಯಲ್ಲಿ ಬಾರ್ಮೆನ್‌ನಲ್ಲಿ ಸೇರಿ, ಬಹುಮಟ್ಟಿಗೆ ಬಾರ್ತ್ ಬರೆದ ಆರು ಅಂಶಗಳ ಘೋಷಣೆಯನ್ನು ಒಪ್ಪಿದರು. ಸಭೆಯ ಒಡೆಯ ಯೇಸು ಕ್ರಿಸ್ತನೊಬ್ಬನೇ, ಬೇರಾವ ನಾಯಕನೂ ಅಲ್ಲ. ಅಷ್ಟರಲ್ಲಿ ಜರ್ಮನಿಯಲ್ಲಿ ಪ್ರಾಧ್ಯಾಪಕನಾಗಿದ್ದ ಬಾರ್ತ್‌ನ ಕೆಲಸ ಮರುವರ್ಷ ಹೋಯಿತು. ಅವನು ಬಾಸೆಲ್ಲಿಗೆ ಮರಳಿದ.

ಆದರೆ ಆ ಘೋಷಣೆಯಲ್ಲಿ ಯೆಹೂದ್ಯರ ಬಗ್ಗೆ ಒಂದು ಮಾತೂ ಇಲ್ಲ. ಆ ಮಾತನ್ನು 1933ರ ಏಪ್ರಿಲ್‌ನಲ್ಲೇ ಎತ್ತಿದ್ದವನು ಡೀಟ್ರಿಷ್ ಬೊನ್‌ಹೋಫರ್. ಗಾಲಿಗೆ ಸಿಕ್ಕವರ ಗಾಯ ಕಟ್ಟಿದರೆ ಸಾಲದು, ಗಾಲಿಯನ್ನೇ ತಡೆಯಬೇಕಾದೀತು ಎಂಬುದು ಅವನ ವಾದ. ಅವನು ಹಾರ್ನಾಕ್‌ನ ನೆರೆಮನೆಯ ಹುಡುಗ, ಅವನ ಶಿಷ್ಯ. ಬಾರ್ತ್‌ನನ್ನು ಓದಿ ಬದಲಾದವನು. ಅಹಿಂಸೆಯ ಸಮುದಾಯ ಜೀವನ ಹೇಗಿರುತ್ತದೆಂದು ನೋಡಲು ಭಾರತಕ್ಕೆ ಬರಬೇಕೆಂಬ ಆಸೆ ಅವನಿಗಿತ್ತು. 1934ರ ನವೆಂಬರ್ 1ರಂದು ಗಾಂಧೀಜಿ ಆಹ್ವಾನದ ಪತ್ರವನ್ನೂ ಬರೆದಿದ್ದರು. ಬರಲಾಗಲಿಲ್ಲ. 1939ರಲ್ಲಿ ನ್ಯೂಯಾರ್ಕಿನಲ್ಲಿ ಸುರಕ್ಷಿತವಾಗಿ ಉಳಿಯಬಹುದಿತ್ತು. ಕೆಲವೇ ವಾರಗಳಲ್ಲಿ ಜರ್ಮನಿಗೆ ಹಿಂದಿರುಗಿದ.

ಹಿಟ್ಲರನ ವಿರೋಧಿಗಳ ಜೊತೆಗೂಡಿ, 1943ರ ಏಪ್ರಿಲ್‌ನಲ್ಲಿ ಸೆರೆಯಾಗಿ, ಟೇಗೆಲ್ ಜೈಲಿನಿಂದ ಗೆಳೆಯ ಎಬರ್‌ಹಾರ್ಡ್ ಬೇಟ್ಗೆಗೆ ಬರೆದ ಪತ್ರಗಳಲ್ಲಿ ಅವನು ಆಧುನಿಕ ಲೋಕದಲ್ಲಿ ನಂಬಿಕೆಗೆ ಜಾಗವೆಲ್ಲಿ ಎಂಬ ಷ್ಲೈಯರ್‌ಮಾಖರ್‌ನ ಪ್ರಶ್ನೆಗೇ ಮರಳಿದ. ಮನುಷ್ಯ ವಯಸ್ಸಿಗೆ ಬಂದಿದ್ದಾನೆ. ವಿಜ್ಞಾನ ಇನ್ನೂ ವಿವರಿಸದ ಸಂದುಗಳಲ್ಲಿ ದೇವರನ್ನು ಅಡಗಿಸಿಡುವುದು ಬೇಡ. ನಾವು ಬಲ್ಲುದರಲ್ಲಿ, ಬದುಕಿನ ನಟ್ಟನಡುವೆ ಅವನನ್ನು ಕಾಣಬೇಕು. ಆ ದೇವರು ಲೋಕದಲ್ಲಿ ಬಲಹೀನ, ಶಿಲುಬೆಗೇರಿದವನು. ಸಭೆ ಪರರಿಗಾಗಿ ಇದ್ದರೆ ಮಾತ್ರ ಸಭೆ. ಆಧುನಿಕ ಲೋಕವನ್ನು ಯಾವ ಅಳುಕೂ ಇಲ್ಲದೆ ಒಪ್ಪಿದ ಚಿಂತನೆ ಇದು, ಆದರೆ ಅದನ್ನು ನೋಡಿದ್ದು ಕೆಳಗಿನಿಂದ, ತುಳಿಸಿಕೊಂಡವರ ಕಡೆಯಿಂದ. ಹಾರ್ನಾಕ್‌ನಲ್ಲಿ ಕೊರತೆಯಾಗಿದ್ದದ್ದು ಈ ನೋಟವೇ ಎಂದು ನನ್ನ ಎಣಿಕೆ. 1945ರ ಏಪ್ರಿಲ್ 9ರಂದು ಫ್ಲೋಸೆನ್‌ಬ್ಯೂರ್ಗ್‌ನಲ್ಲಿ ಬೊನ್‌ಹೋಫರ್‌ನನ್ನು ಗಲ್ಲಿಗೇರಿಸಿದರು. ಅದಕ್ಕೂ ಒಂದು ತಿಂಗಳ ಹಿಂದೆ ಹಿಟ್ಲರನನ್ನು ವಿರೋಧಿಸಿದ್ದಕ್ಕಾಗಿ ಗಲ್ಲಿಗೇರಿದವರಲ್ಲಿ ಹಾರ್ನಾಕ್‌ನ ಮಗ ಎರ್ನ್‌ಸ್ಟ್ ಕೂಡ ಇದ್ದ.

ಯುದ್ಧ ಮುಗಿದ ಮೇಲೆ, 1945ರ ಅಕ್ಟೋಬರ್‌ನಲ್ಲಿ, ಜರ್ಮನ್ ಸಭೆಗಳು ಸ್ಟುಟ್‌ಗಾರ್ಟ್‌ನಲ್ಲಿ ತಮ್ಮ ಅಪರಾಧವನ್ನು ಒಪ್ಪಿಕೊಂಡವು. ಅಲ್ಲಿಯೂ ಯೆಹೂದ್ಯರ ಹೆಸರಿಲ್ಲ. 1967ರಲ್ಲಿ ಬೇಟ್ಗೆ ಬರೆದ ಬೊನ್‌ಹೋಫರ್ ಜೀವನಚರಿತ್ರೆಯನ್ನು ಓದಿದ ಮುದುಕ ಬಾರ್ತ್, ಬಾರ್ಮೆನ್‌ನಲ್ಲಿ ಆ ಪ್ರಶ್ನೆಯನ್ನು ತಾನು ಎತ್ತದೆ ಹೋದದ್ದು ತಪ್ಪೆಂದು ಲೇಖಕನಿಗೆ ಪತ್ರ ಬರೆದ. 1980ರ ಜನವರಿಯಲ್ಲಿ ರೈನ್‌ಲ್ಯಾಂಡಿನ ಪ್ರಾಟೆಸ್ಟೆಂಟ್ ಮಹಾಸಭೆ ಯೆಹೂದ್ಯರ ನರಮೇಧದಲ್ಲಿ ಕ್ರೈಸ್ತರ ಪಾಲಿದೆಯೆಂದು ನಿರ್ಣಯ ಮಾಡಿತು. ಯೆಹೂದ್ಯರನ್ನು ದೇವರು ಆರಿಸಿಕೊಂಡದ್ದು ರದ್ದಾಗಿಲ್ಲ, ಅವರನ್ನು ಮತಾಂತರಿಸುವುದು ಸಭೆಯ ಕೆಲಸವಲ್ಲ ಎಂಬುದನ್ನೂ ಅದು ಒಪ್ಪಿತು.