ಹಾದಿಯ ವಿಷ, ಎತ್ತಿನ ತಡೆ

ಮಳೆಗಾಲದಲ್ಲಿ ನಮ್ಮ ತಾಂಡ್ಯದ ಕಡೆಯ ಬೇಲಿಗಳಲ್ಲಿ ಜ್ವಾಲೆಯಂತೆ ಅರಳುವ ಅಗ್ನಿಶಿಖೆಯನ್ನು ವಾಚಕರು ಕಂಡೇ ಇರುವರು. ಸಂಸ್ಕೃತ ವೈದ್ಯಗ್ರಂಥಗಳು ಇದನ್ನು ಲಾಂಗಲಿಯೆಂದು ಕರೆದು ಉಪವಿಷಗಳಲ್ಲಿ ಎಣಿಸಿವೆ. ಇದರ ಗೆಡ್ಡೆಯಲ್ಲಿರುವ ಕಾಲ್ಚಿಸಿನ್ ಎಂಬ ವಿಷವು ಮಾಡುವುದೇನು?

ನಮ್ಮ ಜೀವಕೋಶಗಳೊಳಗೆ ಸೂಕ್ಷ್ಮನಾಳಗಳೆಂಬ ಹಾದಿಗಳುಂಟು. ಕೈನೆಸಿನ್ ಮೊದಲಾದ ಸಸಾರಜನಕಗಳು ಅವುಗಳ ಮೇಲೆ ಗಾಡಿಯೆತ್ತುಗಳಂತೆ ಭಾರವನ್ನೆಳೆದು ನಡೆಯುವುವು. ಕಾಲ್ಚಿಸಿನ್ ಹಾದಿಯನ್ನೇ ಕೆಡಿಸುವುದು. ಹಾದಿ ಕೆಟ್ಟರೆ ಗಾಡಿಗಳೆಲ್ಲವೂ ನಿಲ್ಲುವುವಾದ್ದರಿಂದ, ಯಾವ ಎತ್ತಿನ ಕೆಲಸ ಯಾವುದೆಂದು ತಿಳಿಯಲಾಗದು.

1999ರಲ್ಲಿ ಅಮೆರಿಕದ ಹಾರ್ವರ್ಡಿನ ವಿಜ್ಞಾನಿಗಳು 16,320 ರಾಸಾಯನಿಕಗಳನ್ನು ಪರೀಕ್ಷಿಸಿ, ಹಾದಿಯನ್ನು ಕೆಡಿಸದೆ ಒಂದು ಬಗೆಯ ಕೈನೆಸಿನ್ನನ್ನು ಮಾತ್ರ ತಡೆಯುವ ಮೊನಾಸ್ಟ್ರಾಲನ್ನು ಕಂಡುಹಿಡಿದರು. ಅದನ್ನು ಸೇರಿಸಲು, ಇಬ್ಭಾಗವಾಗುತ್ತಿದ್ದ ಕೋಶದ ಎರಡು ಧ್ರುವಗಳು ದೂರ ಸರಿಯದೆ ವಿಭಜನೆ ನಿಂತಿತು. ತೊಳೆಯಲು ಪುನಃ ಸಾಗಿತು. ಧ್ರುವಗಳನ್ನು ದೂರಮಾಡುವುದೇ ಆ ಎತ್ತಿನ ದುಡಿಮೆಯೆಂಬುದು ಹೀಗೆ ಕಣ್ಣಾರೆ ಕಂಡಿತು. ಅರ್ಬುದರೋಗದ ಕೋಶಗಳ ವೃದ್ಧಿಯನ್ನು ಈ ಮಾರ್ಗದಿಂದ ತಡೆಯಬಹುದೆಂಬ ಆಸೆಯೂ ಹುಟ್ಟಿತು.

ಆದರೆ ಗೃಹಸ್ಥರು ಮರೆಯಬಾರದ ಮಾತೊಂದುಂಟು. ಪ್ರಯೋಗಶಾಲೆಯ ಮದ್ದನ್ನು ತೊಳೆಯಬಹುದು. ಹೊಟ್ಟೆ ಸೇರಿದ ಅಗ್ನಿಶಿಖೆಯನ್ನು ಹಾಗೆ ತೊಳೆಯಲಾಗದು. ಅದರ ಗೆಡ್ಡೆ ಮಕ್ಕಳ ಕೈಗೆ ಸಿಕ್ಕದಿರಲಿ. ತಿಂದರೆಂದು ತಿಳಿದೊಡನೆ, ಕೆಲವು ಗಂಟೆಗಳವರೆಗೆ ಏನೂ ತೋರದಿದ್ದರೂ, ಆಸ್ಪತ್ರೆಗೆ ಒಯ್ಯತಕ್ಕದ್ದು.