44 ದಿನದ ಲೆಕ್ಕಕ್ಕೆ 39 ವರ್ಷ ಕಾದವರು

1978ರ ಏಪ್ರಿಲ್ 27ರಂದು ಕರ್ನಾಟಕ ಸರ್ಕಾರ ಒಂದು ಆದೇಶ ಹೊರಡಿಸಿತು. ಬಡ್ತಿಯಲ್ಲಿ ಪರಿಶಿಷ್ಟ ಜಾತಿಗೆ ಶೇ. 15, ಪರಿಶಿಷ್ಟ ಪಂಗಡಕ್ಕೆ ಶೇ. 3 ಮೀಸಲು, ಜಾರಿಗೆ 33 ಬಿಂದುಗಳ ರೋಸ್ಟರ್, ಅಂದರೆ ಯಾವ ಸರದಿಯ ಬಡ್ತಿ ಯಾವ ವರ್ಗಕ್ಕೆ ಎಂಬ ಪಟ್ಟಿ. ಶೇಕಡಾವಾರು ಹಿಡಿದರೆ 33 ಬಡ್ತಿಗಳಲ್ಲಿ ಆರರ ಮಾತು. ಹಾಗೆ ಬಡ್ತಿ ಪಡೆದವರು ಮೇಲಿನ ಹುದ್ದೆಯಲ್ಲಿ ಜ್ಯೇಷ್ಠತೆಯನ್ನೂ ಉಳಿಸಿಕೊಳ್ಳುತ್ತಾರೋ ಇಲ್ಲವೋ ಎಂಬ ಜಗಳ ಸುಪ್ರೀಂ ಕೋರ್ಟಿನಲ್ಲಿ ಒಂದು ನೆಲೆಗೆ ಬಂದದ್ದು 2019ರ ಮೇ 10ರಂದು. ನಡುವೆ ಉರುಳಿದ್ದು 41 ವರ್ಷ 13 ದಿನ.

ಆದೇಶ ಬಂದ ದಿನ 22ರ ಹರೆಯದಲ್ಲಿ ನಮ್ಮ ಗದಗ ಜಿಲ್ಲೆಯ ಲಕ್ಷ್ಮೇಶ್ವರ ಕಡೆಯ ಅಡರಕಟ್ಟಿಯ ಯುವಕನೊಬ್ಬ ಸರ್ಕಾರಿ ಗುಮಾಸ್ತನಾಗಿ ಸೇರಿದ್ದ ಎಂದು ಇಟ್ಟುಕೊಳ್ಳೋಣ. ನಿವೃತ್ತಿ ವಯಸ್ಸು 58ರಿಂದ 60ಕ್ಕೆ ಏರಿದ ಲಾಭ ಸಿಕ್ಕರೂ ಅವನು 2016ರಲ್ಲಿ ಮನೆಗೆ ಬಂದಿರುತ್ತಾನೆ. ಈ ಜ್ಯೇಷ್ಠತೆಗಾಗಿ ಕರ್ನಾಟಕ 2002ರಲ್ಲಿ ಮಾಡಿದ ಕಾಯ್ದೆಯ ಮೇಲಿನ ಮೊದಲ ಮಹತ್ವದ ತೀರ್ಪು ಬಂದದ್ದು 2017ರಲ್ಲಿ. ಇಡೀ ಸೇವೆ ಮುಗಿದು, ಪಿಂಚಣಿ ಶುರುವಾದ ಮೇಲೆ.

ಈ ಭಾಗಕ್ಕೆ ಜ್ಯೇಷ್ಠತಾ ಪಟ್ಟಿಯ ತಕರಾರು ಹೊಸದಲ್ಲ. ಲಕ್ಷ್ಮೇಶ್ವರ ಮಿರಜ ಸಂಸ್ಥಾನದಲ್ಲಿತ್ತು, ಪಕ್ಕದ ಶಿರಹಟ್ಟಿ ಸಾಂಗಲಿಯದು, ಗದಗ ನೇರವಾಗಿ ಮುಂಬಯಿ ಪ್ರಾಂತ್ಯದ್ದು. 1948ರಲ್ಲಿ ಸಂಸ್ಥಾನಗಳು ಮುಂಬಯಿಗೆ ಸೇರಿದವು. 1956ರ ನವೆಂಬರ್ 1ರಂದು ಮುಂಬಯಿ, ಹೈದರಾಬಾದ್, ಮದ್ರಾಸ್, ಕೊಡಗು, ಹಳೆ ಮೈಸೂರಿನ ನೌಕರರೆಲ್ಲ ಒಂದೇ ಪಟ್ಟಿಗೆ ಬಿದ್ದರು. ಐದು ಕಡೆಯ ಹುದ್ದೆ, ಐದು ಕಡೆಯ ಸಂಬಳ. ಯಾರು ಹಿರಿಯರು? ರಾಜ್ಯ ಪುನರ್ವಿಂಗಡಣಾ ಕಾಯ್ದೆಯ 115ನೇ ಕಲಂ ಹಿಡಿದು ನೌಕರರು ವರ್ಷಗಟ್ಟಲೆ ಕೋರ್ಟು ಹತ್ತಿ ಇಳಿದರು.

ಹೊರಗಿನವರಿಗೆ ಜ್ಯೇಷ್ಠತೆಯ ತಕರಾರು ಇಬ್ಬರ ಜಗಳದಂತೆ ಕಾಣುತ್ತದೆ. ಹಾಗಲ್ಲ. 60ನೇ ಕ್ರಮಾಂಕದ ಹೆಸರು 20ಕ್ಕೆ ಏರಿದರೆ ನಡುವಿನ 40 ಜನ ಒಂದೊಂದು ಮೆಟ್ಟಿಲು ಇಳಿಯುತ್ತಾರೆ. 100 ಹೆಸರಿನ ಪಟ್ಟಿಯಲ್ಲಿ ‘ಇವನು ಮುಂದೋ ಅವನು ಮುಂದೋ’ ಎಂದು ಕೇಳಬಹುದಾದ ಜೋಡಿಗಳು 4,950. ಸಾವಿರ ಹೆಸರಿದ್ದರೆ 4,99,500. ಪ್ರತಿ ಜೋಡಿಯ ಹಿಂದೆಯೂ ವೇತನ ಶ್ರೇಣಿಯಿದೆ, ಪಿಂಚಣಿಯಿದೆ, ಜೊತೆಗೆ ನಿನ್ನೆಯವರೆಗೆ ಕೈಕೆಳಗಿದ್ದವರಿಗೆ ಇಂದು ಕಡತ ಒಯ್ದು ಕೊಡಬೇಕಾದ ಸಂಕಟವಿದೆ. ಆ ಸಂಕಟವನ್ನು ಸಣ್ಣದೆಂದು ಹೇಳಲು ನನಗೆ ಮನಸ್ಸಿಲ್ಲ.

2000ದ ಡಿಸೆಂಬರ್ 1ರಂದು, ಬಡಪ್ಪನವರ ಪ್ರಕರಣದಲ್ಲಿ, ರೋಸ್ಟರ್ ಬಡ್ತಿಯಿಂದ ಜ್ಯೇಷ್ಠತೆ ಸಿಗದು ಎಂದು ಸುಪ್ರೀಂ ಕೋರ್ಟು ಕರ್ನಾಟಕಕ್ಕೆ ಹೇಳಿತು. ಆ ಜ್ಯೇಷ್ಠತೆ ಸಿಗುವಂತೆ ಸಂಸತ್ತು ಸಂವಿಧಾನಕ್ಕೆ 85ನೇ ತಿದ್ದುಪಡಿ ತಂದು ಅದನ್ನು 1995ರ ಜೂನ್ 17ರಿಂದ ಪೂರ್ವಾನ್ವಯಗೊಳಿಸಿತು. ಕರ್ನಾಟಕ 2002ರಲ್ಲಿ ತನ್ನದೇ ಕಾಯ್ದೆ ಮಾಡಿತು. 2006ರ ಅಕ್ಟೋಬರ್ 19ರಂದು ಎಂ. ನಾಗರಾಜ್ ಪ್ರಕರಣದಲ್ಲಿ ಐವರು ನ್ಯಾಯಮೂರ್ತಿಗಳು ತಿದ್ದುಪಡಿಯನ್ನು ಒಪ್ಪಿದರು, ಆದರೆ ರಾಜ್ಯಗಳಿಗೆ ಷರತ್ತು ಹಾಕಿದರು: ಪ್ರಾತಿನಿಧ್ಯ ಸಾಲದು ಎನ್ನುವುದಾದರೆ ಅಂಕಿಅಂಶ ತೋರಿಸಿ.

ಕರ್ನಾಟಕ ಆಗ ಆ ಅಂಕಿಅಂಶವನ್ನು ಮುಂದಿಡಲಿಲ್ಲ. ಬಿ.ಕೆ. ಪವಿತ್ರಾ ಪ್ರಕರಣದಲ್ಲಿ ಅರ್ಜಿದಾರರ ವಾದ ಹೀಗಿತ್ತು: ಲೋಕೋಪಯೋಗಿ ಇಲಾಖೆಯಲ್ಲಿ 1987ರಲ್ಲಿ ಸೇರಿದ ಮೀಸಲು ವರ್ಗದ ಸಹಾಯಕ ಎಂಜಿನಿಯರುಗಳಿಗೆ ಬಡ್ತಿ ಸಿಗುವಾಗ, ಸಾಮಾನ್ಯ ವರ್ಗದಲ್ಲಿ 1976ರವರು ಅದೇ ಬಡ್ತಿಗೆ ಕಾದಿದ್ದಾರೆ. ಹನ್ನೊಂದು ವರ್ಷದ ಅಂತರ. 2017ರ ಫೆಬ್ರುವರಿ 9ರಂದು ಕೋರ್ಟು 2002ರ ಕಾಯ್ದೆಯ 3 ಮತ್ತು 4ನೇ ಕಲಂ ರದ್ದುಮಾಡಿ, ಮೂರು ತಿಂಗಳಲ್ಲಿ ಪಟ್ಟಿ ಪರಿಷ್ಕರಿಸಲು ಹೇಳಿತು. ಹಿಂಬಡ್ತಿಯ ಭಯ ಕಚೇರಿ ಕಚೇರಿಗೆ ಹಬ್ಬಿತು.

ಇಲ್ಲಿಂದ ಮುಂದಿನ ಲೆಕ್ಕ ನನ್ನನ್ನು ದಂಗುಬಡಿಸಿದ್ದು. ಮಾರ್ಚ್ 22ರಂದು ಸರ್ಕಾರ ಹಿರಿಯ ಅಧಿಕಾರಿ ಕೆ. ರತ್ನಪ್ರಭಾ ಅವರಿಗೆ ಅಧ್ಯಯನ ಒಪ್ಪಿಸಿತು. ವರದಿ ಬಂದದ್ದು ಮೇ 5ಕ್ಕೆ. 31 ಇಲಾಖೆ, 1984ರಿಂದ 2016ರವರೆಗಿನ ಮಾಹಿತಿ, 7,45,593 ಮಂಜೂರಾದ ಹುದ್ದೆ. 2011ರ ಗಣತಿಯಲ್ಲಿ ಗದಗ ಜಿಲ್ಲೆಯ ಜನಸಂಖ್ಯೆಯೇ ಸುಮಾರು 10.64 ಲಕ್ಷ, ಅಂದರೆ ಕೂಸಿನಿಂದ ಮುದುಕರವರೆಗೆ ಜಿಲ್ಲೆಯ ಹತ್ತರಲ್ಲಿ ಏಳು ಜನಕ್ಕೆ ಒಂದೊಂದು ಹುದ್ದೆ ಕೊಟ್ಟಷ್ಟು. ಇಷ್ಟನ್ನು ಎಣಿಸಲು ಹಿಡಿದದ್ದು 44 ದಿನ!

ಆ ಎಣಿಕೆ ಹೇಳಿದ್ದೇನು? ರಾಜ್ಯದ ಜನಸಂಖ್ಯೆಯಲ್ಲಿ ಪರಿಶಿಷ್ಟ ಜಾತಿ ಶೇ. 17.15, ಪಂಗಡ ಶೇ. 6.95. ಡಿ ದರ್ಜೆಯ ಹುದ್ದೆಗಳಲ್ಲಿ ಪರಿಶಿಷ್ಟ ಜಾತಿಯವರ ಸರಾಸರಿ ಪಾಲು ಶೇ. 16.91, ಬಿ ದರ್ಜೆಗೆ ಬಂದರೆ ಶೇ. 9.79. ಪಂಗಡದವರು ಬಿ ದರ್ಜೆಯಲ್ಲಿ ಬರೀ ಶೇ. 2.34. ಕಸ ಗುಡಿಸುವ, ಕಡತ ಹೊರುವ ಕಡೆ ಪಾಲು ತುಂಬಿತ್ತು, ಸಹಿ ಹಾಕುವ ಕಡೆ ತುಂಬಿರಲಿಲ್ಲ. ಈ ವರದಿಯ ಬಲದ ಮೇಲೆ ಹೊಸ ಕಾಯ್ದೆ ರೂಪುಗೊಂಡು, 2018ರ ಜೂನ್ 14ರಂದು ರಾಷ್ಟ್ರಪತಿ ಅಂಕಿತ ಪಡೆಯಿತು. 2019ರಲ್ಲಿ ಕೋರ್ಟು ಅದನ್ನು ಎತ್ತಿಹಿಡಿಯಿತು.

1978ರಿಂದ 2017ರವರೆಗೆ, 39 ವರ್ಷ, ಇದೇ ಎಣಿಕೆ ಯಾವ ವರ್ಷ ಬೇಕಾದರೂ ಆಗಬಹುದಿತ್ತು. ನಾಗರಾಜ್ ತೀರ್ಪಿನ ಮರುವರ್ಷವಾದರೂ ಆಗಬಹುದಿತ್ತು. ಆಗಿದ್ದರೆ 1976ರ ಎಂಜಿನಿಯರು ತನ್ನ ಸ್ಥಾನ ಯಾವುದೆಂದು ಸೇವೆಯಲ್ಲಿದ್ದಾಗಲೇ ತಿಳಿಯುತ್ತಿದ್ದ. 1987ರ ದಲಿತ ಎಂಜಿನಿಯರು ನ್ಯಾಯವಾಗಿ ಬಂದ ಕುರ್ಚಿಯಲ್ಲಿ ಹಿಂಬಡ್ತಿಯ ಅಂಜಿಕೆಯಿಲ್ಲದೆ ಕೂಡುತ್ತಿದ್ದ. ಇಬ್ಬರನ್ನೂ ಎದುರಾಳಿಗಳನ್ನಾಗಿ ಮಾಡಿದ್ದು ಮೀಸಲಾತಿಯಲ್ಲ, ಎಣಿಸದೆ ಕೂತ ಸರ್ಕಾರ.

ಪಟ್ಟಿ ಕೋರ್ಟಿನಲ್ಲಿದ್ದಷ್ಟು ದಿನ ಬಡ್ತಿ ನಿಲ್ಲುತ್ತದೆ, ಖಾಲಿ ಕುರ್ಚಿಗೆ ಪ್ರಭಾರಿ ಬರುತ್ತಾರೆ. ಉತಾರ ತಿದ್ದಿಸಲು ಅಡರಕಟ್ಟಿಯಿಂದ ಲಕ್ಷ್ಮೇಶ್ವರಕ್ಕೆ ಹೋದ ರೈತನಿಗೆ ‘ಸಾಹೇಬರು ಇವತ್ತು ಆ ತಾಲೂಕಿನ್ಯಾಗ ಅದಾರ, ನಾಳೆ ಬರ್ರಿ’ ಎಂಬ ಉತ್ತರ ಸಿಗುವುದು ಇಂಥ ಕಾರಣಕ್ಕೂ ಇರುತ್ತದೆ. ಅವನ ಬಸ್ ಚಾರ್ಜು ಯಾವ ತೀರ್ಪಿನಲ್ಲೂ ದಾಖಲಾಗುವುದಿಲ್ಲ.

ಪ್ರತಿ ಇಲಾಖೆಯೂ ವರ್ಷಕ್ಕೊಮ್ಮೆ ಜ್ಯೇಷ್ಠತಾ ಪಟ್ಟಿಯ ಜೊತೆಗೇ ವೃಂದವಾರು ಪ್ರಾತಿನಿಧ್ಯದ ಅಂಕಿಯನ್ನೂ ಎಲ್ಲರೂ ಓದುವಂತೆ ಪ್ರಕಟಿಸಲಿ, ಆಕ್ಷೇಪಣೆಗಳನ್ನು ಆ ವರ್ಷದೊಳಗೇ ಮುಗಿಸಲಿ. ನೌಕರರ ಸಂಘಗಳು, ಯಾವ ವರ್ಗದವೇ ಇರಲಿ, ವೇತನ ಆಯೋಗಕ್ಕೆ ಹೋರಾಡಿದಷ್ಟೇ ಗಟ್ಟಿಯಾಗಿ ಇದಕ್ಕೂ ಒಟ್ಟಾಗಿ ಪಟ್ಟು ಹಿಡಿಯಬೇಕು.